ದುರಗನನ್ನು ಬಿಡುವ ದಾರಿ

ದಾನೇಶ್ವರಿ ಮಾಡಿದ ಮೊಬೈಲ್ ಗೇಮಿನಲ್ಲಿ ಒಬ್ಬ ದಾರಿಗಳ್ಳನಿದ್ದ. ಹೆಸರು ದುರಗ. ಐದುನೂರು ವರ್ಷದ ಹಿಂದಿನ ಕಾಲದ ಆಟ ಅದು. ಮುದಗಲ್ಲ ಕೋಟೆಯಿಂದ ಓಲೆ ಹಿಡಿದು ಕೃಷ್ಣಾ ನದಿಯತ್ತ ಹೊರಟ ಕುದುರೆ ಸವಾರನೇ ಆಟಗಾರ. ಅರ್ಧ ದಾರಿಯಲ್ಲಿ ಜಾಲಿಕಂಟಿಯ ಮರೆಯಿಂದ ದುರಗ ಎದ್ದು ಬಂದು ಲಗಾಮು ಹಿಡಿಯುತ್ತಾನೆ. ಗಂಟು ಕೊಟ್ಟರೆ ಅದರೊಳಗಿನ ಓಲೆಯೂ ಹೋಗಿ, ಆಟ ಮತ್ತೆ ಕೋಟೆಯ ಬಾಗಿಲಿಂದಲೇ ಶುರುವಾಗುತ್ತದೆ. ಕತ್ತಿ ಹಿರಿದು ಗೆದ್ದರೆ ದುರಗ ಮೊಣಕಾಲೂರಿ, ಕೈಮುಗಿದು ಜೀವ ಬೇಡುತ್ತಾನೆ. ಆಗ ಪರದೆಯ ಮೇಲೆ ಒಂದೇ ಒಂದು ಗುಂಡಿ ಉಳಿಯುತ್ತದೆ: 'ಹೊಡಿ'.

ಮಸ್ಕಿಯ ಬಸ್‌ಸ್ಟ್ಯಾಂಡಿನ ಎದುರು, ಔಷಧಿ ಅಂಗಡಿಯ ಮಹಡಿಯ ಮೇಲೆ ದಾನೇಶ್ವರಿ ಕಂಪ್ಯೂಟರ್ ತರಬೇತಿ ಕೇಂದ್ರ ನಡೆಸುತ್ತಿದ್ದಳು. ಅವಳ ಅಪ್ಪ ಅಮರಗುಂಡಪ್ಪನಿಗೆ ಬಳಗಾನೂರಿನಲ್ಲಿ ಕಾಲುವೆ ನೀರಿನ ಗದ್ದೆ. ಮಗಳು ದಿನಾ ಬೆಳಿಗ್ಗೆ ಬಸ್ಸು ಹತ್ತಿ ಮಸ್ಕಿಗೆ ಬಂದು, ಸಂಜೆ ಊರು ಸೇರುತ್ತಿದ್ದಳು. ಕೇಂದ್ರದಲ್ಲಿ ಅವಳ ಜೊತೆಗಾರ ಚಾಂದ್‌ಪಾಷಾ. ಅಂಗಡಿಗಳಿಗೆ ಬೋರ್ಡು ಬರೆಯುವ ಮನೆತನದವನು. ಕುಂಚ ಬಿಟ್ಟು ಕಂಪ್ಯೂಟರಿನಲ್ಲಿ ಚಿತ್ರ ಬರೆಯುವುದನ್ನು ತಾನಾಗಿಯೇ ಕಲಿತಿದ್ದ. ಕೋಟೆ, ಕುದುರೆ, ಜಾಲಿಕಂಟಿ, ದುರಗನ ಹರಿದ ಕಂಬಳಿ ಎಲ್ಲ ಅವನ ಕೈಕೆಲಸ. ಕಥೆ ಮತ್ತು ಲೆಕ್ಕಾಚಾರ ಅವಳದ್ದು.

ರಾಜ, ಕೋಟೆ ಕಾಯುವ ಕಿಲ್ಲೇದಾರ, ಸಿಪಾಯಿಗಳಿಗೆ ಕಾಲೇಜಿನ ಮೇಷ್ಟ್ರುಗಳು ದನಿ ಕೊಟ್ಟರು. ಒಳ್ಳೆಯ ಪುಸ್ತಕದ ಕನ್ನಡ, ಸ್ಪಷ್ಟವಾಗಿ ಬಂತು. ಆದರೆ ದುರಗನ ಪಾತ್ರ ಯಾರ ಬಾಯಲ್ಲೂ ಕೂರಲಿಲ್ಲ. ಸಿಂಧನೂರಿನಿಂದ ಕರೆಸಿದ ಒಬ್ಬ ಕಲಾವಿದ ಮಾತಾಡಿದರೆ ಕಳ್ಳ ವಾರ್ತೆ ಓದಿದಂತೆ ಕೇಳುತ್ತಿತ್ತು. ಆಗ ಅವಳಿಗೆ ಯಮನೂರಪ್ಪನ ನೆನಪಾಯಿತು.

ಯಮನೂರಪ್ಪ ಅವರ ಗದ್ದೆಗೆ ನೀರು ಕಟ್ಟುವವನು. ವಯಸ್ಸು ಅರವತ್ತರ ಆಸುಪಾಸು. ಹರೆಯದಲ್ಲಿ ದೊಡ್ಡಾಟದಲ್ಲಿ ರಾಕ್ಷಸನ ವೇಷ ಕಟ್ಟುತ್ತಿದ್ದನಂತೆ. ಅವನು ಕಾಲುವೆಯ ಈ ದಂಡೆಯಿಂದ ಕೂಗಿದರೆ ಆ ಕಡೆಯ ಊರಿಗೆ ಕೇಳುತ್ತಿತ್ತು.

ಒಂದು ಭಾನುವಾರ ಕೇಂದ್ರದ ಕಿಟಕಿಗಳಿಗೆಲ್ಲ ಕೌದಿ ಹೊಚ್ಚಿ, ಫ್ಯಾನು ನಿಲ್ಲಿಸಿ, ಅವನನ್ನು ಮೈಕಿನ ಮುಂದೆ ಕೂರಿಸಿದರು. ಮೊದಲು ಅವನು ದೊಡ್ಡಾಟದ ಗತ್ತಿನಲ್ಲೇ ಗರ್ಜಿಸಿದ. ದಾನೇಶ್ವರಿ ನಕ್ಕು, "ಕಾಕಾ, ಇವ ರಾಕ್ಷಸ ಅಲ್ಲ. ಹೊಟ್ಟಿಗಿಲ್ಲದ ಕಳ್ಳ" ಎಂದಳು. ಯಮನೂರಪ್ಪ ತಲೆಗೆ ಸುತ್ತಿದ್ದ ರುಮಾಲು ಬಿಚ್ಚಿ ತೊಡೆಯ ಮೇಲಿಟ್ಟುಕೊಂಡ. ಆಮೇಲೆ ಅವಳು ಬರೆದು ಓದಿ ಹೇಳಿದ್ದ ಮಾತನ್ನೆಲ್ಲ ಬಿಟ್ಟು ತನ್ನದೇ ಮಾತು ಆಡಿದ.

"ಬಿಡ್ರಿ ದಣೀ... ಮನ್ಯಾಗ ಸಣ್ಣ ಕೂಸದಾವ್ರಿ. ಮೂರು ದಿನ ಆತು, ಒಲಿ ಹಚ್ಚಿಲ್ರಿ. ನಿಮ್ಮ ಕುದುರಿ ಕಾಲು ಹಿಡೀತೀನ್ರಿ, ಬಿಡ್ರಿ ದಣೀ..."

ಚಾಂದ್‌ಪಾಷಾ ಹೆಡ್‌ಫೋನ್ ತೆಗೆದು ಗೋಡೆಯ ಕಡೆ ಮುಖ ಮಾಡಿ ನಿಂತ. ದಾನೇಶ್ವರಿಗೆ ಮೈ ಜುಮ್ಮೆಂದಿತು. ಆಟ ಗೆದ್ದಿತು ಎಂದು ಅವಳಿಗೆ ಅನ್ನಿಸಿದ್ದು ಆ ಗಳಿಗೆಯಲ್ಲಿ.

ಎಲ್ಲ ಮುಗಿದ ಮೇಲೆ ಯಮನೂರಪ್ಪ ಕೇಳಿದ: "ಅಕ್ಕಾರ, ಇವ ಸಾಯಲೇಬೇಕೇನ್ರಿ?"

"ಅದು ಆಡೋರ ಕೈಯಾಗೈತಿ ಕಾಕಾ. ಹೊಡೀಬೇಕಂದ್ರ ಹೊಡೀಬಹುದು, ಬಿಡಬೇಕಂದ್ರ ಬಿಡಬಹುದು."

"ಹಂಗಾದ್ರ ಚೊಲೊ ಆತ್ರಿ" ಎಂದು ಅವನು ನಕ್ಕ. ಬಿಟ್ಟಾಗ ದುರಗ ಸವಾರನನ್ನು ಹರಸುವ ಮಾತುಗಳನ್ನೂ ಅವತ್ತೇ ಆಡಿ ಹೋದ.

ಅವತ್ತಿಗೆ ಅದು ಸುಳ್ಳಾಗಿರಲಿಲ್ಲ. ದುರಗನನ್ನು ಬಿಡುವ ದಾರಿ ಅವಳ ಹಾಳೆಯ ಮೇಲೆ ಇತ್ತು. ಆದರೆ ಕಲಬುರಗಿಯಲ್ಲಿ ಒಂದು ಸ್ಪರ್ಧೆಗೆ ಆಟ ಕಳಿಸುವ ದಿನ ಹತ್ತಿರ ಬಂತು. ಬಿಟ್ಟ ದುರಗ ಎದ್ದು ಹೋಗಬೇಕು, ಮುಂದೆ ಎಲ್ಲೋ ಮತ್ತೆ ಸಿಗಬೇಕು. ಅದಕ್ಕೆಲ್ಲ ಚಾಂದ್‌ಪಾಷಾ ಇನ್ನೂ ಇಪ್ಪತ್ತು ದಿನ ಚಿತ್ರ ಬರೆಯಬೇಕಿತ್ತು. "ತೆಗೆದು ಬಿಡೋಣು. ಸಾಯೋದು ಒಂದ ಸಾಕು" ಎಂದಳು ದಾನೇಶ್ವರಿ. ಚಾಂದ್‌ಪಾಷಾ, "ಕಾಕಾಗ ಹೇಳೀರಲ್ರಿ ಮೇಡಮ್?" ಎಂದ. "ಅಂವ ಎಲ್ಲಿ ಆಡ್ತಾನ? ಆಮ್ಯಾಲೆ ಸೇರಸೋಣಂತ" ಎಂದಳು ಅವಳು. ಬೇಸಿಗೆಯಲ್ಲಿ ಲ್ಯಾಪ್‌ಟಾಪ್ ತುಂಬಿದಾಗ, ಬೇಡದ್ದನ್ನು ಅಳಿಸುತ್ತ, ಹರಸುವ ಮಾತಿನ ಆ ರೆಕಾರ್ಡಿಂಗನ್ನೂ ಅಳಿಸಿದಳು.

ಸ್ಪರ್ಧೆಯಲ್ಲಿ ಆಟಕ್ಕೆ ಬಹುಮಾನ ಬರಲಿಲ್ಲ. ಆದರೆ ಹೊರಗೆ ಬಿಟ್ಟ ಎರಡೇ ತಿಂಗಳಿಗೆ ಅದು ಸಿಂಧನೂರು, ಲಿಂಗಸುಗೂರು, ಮಾನ್ವಿ ದಾಟಿ ಹೋಯಿತು. ಆಟಕ್ಕಿಂತ ಜಾಸ್ತಿ ಓಡಿದ್ದು ದುರಗನ ದನಿ. ಹೊಡಿ ಗುಂಡಿ ಒತ್ತದೆ ಬಿಟ್ಟರೆ ಅವನು ಬೇಡುತ್ತಲೇ ಇರುತ್ತಿದ್ದ. ಜನ ಅವನನ್ನು ಹಾಗೇ ಬೇಡಲು ಬಿಟ್ಟು, ವಿಡಿಯೊ ಮಾಡಿ, ನಗುವ ಮುಖ ಅಂಟಿಸಿ ಹಂಚಿದರು. ಪರೀಕ್ಷೆಯಲ್ಲಿ ನಪಾಸಾದವನು, ಹೆಂಡತಿಯ ಬೈಗುಳ ತಿಂದವನು, ಎಲ್ಲರ ಮೊಬೈಲಿನಲ್ಲೂ "ಬಿಡ್ರಿ ದಣೀ". ದಾನೇಶ್ವರಿ ಬಸ್ಸಿನಲ್ಲಿ ಅದನ್ನು ಕೇಳಿದಾಗ ಮೊದಮೊದಲು ಹಿಗ್ಗುತ್ತಿದ್ದಳು.

ಭತ್ತದ ಪೈರು ಮೊಣಕಾಲೆತ್ತರ ಬೆಳೆದ ಹೊತ್ತಿಗೆ, ಒಂದು ಮಧ್ಯಾಹ್ನ ಅಪ್ಪನಿಗೆ ಬುತ್ತಿ ಕೊಡಲು ಅವಳು ಗದ್ದೆಗೆ ಹೋದಳು. ಕಾಲುವೆಯ ತೂಬಿನ ಪಕ್ಕದ ಬೇವಿನ ಮರದ ನೆರಳಲ್ಲಿ ಯಮನೂರಪ್ಪ ಮೊಬೈಲು ಹಿಡಿದು ಕೂತಿದ್ದ. ಪರದೆಯ ಮೇಲೆ ದುರಗ ಮೊಣಕಾಲೂರಿದ್ದ. ಯಮನೂರಪ್ಪ ತನ್ನದೇ ದನಿಯನ್ನು ಕೇಳುತ್ತ, ಬೆರಳನ್ನು ಗುಂಡಿಯಿಂದ ದೂರ ಎತ್ತಿ ಹಿಡಿದಿದ್ದ.

ಅವಳನ್ನು ಕಂಡು ಗಡಬಡಿಸಿ ಎದ್ದ. "ಅಕ್ಕಾರ, ಚೊಲೊ ಆತು ನೀವು ಬಂದ್ರಿ. ತಿಂಗಳಾತ್ರಿ, ಇವನ್ನ ಬಿಡೋ ದಾರಿ ಹುಡುಕಾಕತ್ತೀನ್ರಿ, ಸಿಗವಲ್ದು. ಕತ್ತಿ ಒರಿಯಾಗ ಇಟ್ಟು ನೋಡಿದೆ. ಕುದುರಿ ಇಳದು ನೋಡಿದೆ. ಚೀಲದಾಗಿನ ರೊಟ್ಟಿ ಕೊಡಾಕ ನೋಡಿದ್ರ ಅದೂ ಬರವಲ್ದು. ಮೊನ್ನಿ ಏನೂ ಒತ್ತಲಾರದ ಹಂಗ ಇಟ್ಟಿದ್ದೆ, ಸವಾರ ಬ್ಯಾಸತ್ತು ತಾನ ಹೊಂಟುಹೋಗ್ತಾನೇನಂತ. ಬ್ಯಾಟರಿ ಖಾಲಿ ಆಗೋತನಾ ಬೇಡಿಕೊಂಡ್ನ್ರಿ ಪಾಪ."

ದಾನೇಶ್ವರಿ ಬುತ್ತಿಯ ಗಂಟನ್ನು ಬದುವಿನ ಮೇಲಿಟ್ಟಳು.

"ನನಗ ಓದಾಕ ಬರಂಗಿಲ್ಲ ನೋಡ್ರಿ" ಎಂದ ಅವನು ನಾಚಿಕೆಯಿಂದ. "ಎಲ್ಲೋ ಬರದೀರಿ, ನನಗ ತಿಳಿಯವಲ್ದು. ಎಲ್ಲೈತ್ರಿ ಆ ದಾರಿ?"

ಆಗಲೇ ಹೇಳಿಬಿಡಬಹುದಿತ್ತು. ಎರಡು ಮಾತು ಸಾಕಿತ್ತು. ಆದರೆ ಅವನ ಮುಖದಲ್ಲಿ ತನ್ನ ಮೇಲೆ ಎಳ್ಳಷ್ಟೂ ಅನುಮಾನ ಇಲ್ಲದ್ದನ್ನು ಕಂಡು ಅವಳ ನಾಲಿಗೆ ಬೇರೆಯೇ ಹೊರಳಿತು. "ಸ್ವಲ್ಪ ಕಷ್ಟ ಐತಿ ಕಾಕಾ. ಮುಂದ ಸಿಗತೈತಿ, ನೋಡು."

"ಸಿಗತೈತಿ ಅಂದ್ರ ಆತ್ರಿ, ಹುಡುಕ್ತೀನ್ರಿ."

ಮನೆಗೆ ನಡೆದು ಬರುವಾಗ ಅವಳಿಗೆ ತನ್ನ ಚಪ್ಪಲಿಯ ಸಪ್ಪಳವೇ ಬೇಡವೆನಿಸಿತು. ದಾರಿ ತೆಗೆದದ್ದನ್ನು ಅವನಿಗೆ ತಿಳಿಸದಿದ್ದುದನ್ನು ಮರೆವು ಅನ್ನಬಹುದಿತ್ತು. ಈ ಸುಳ್ಳಿಗೆ ಏನನ್ನಬೇಕು?

ವಾರದ ನಂತರ ಯಮನೂರಪ್ಪನ ಮಗಳು ನಾಗವೇಣಿ ಕೇಂದ್ರಕ್ಕೆ ಬಂದಳು. ಲಿಂಗಸುಗೂರಿನಲ್ಲಿ ನರ್ಸಿಂಗ್ ಓದುತ್ತಿದ್ದ ಹುಡುಗಿ. ಕುರ್ಚಿ ಕೊಟ್ಟರೂ ಕೂರಲಿಲ್ಲ.

"ಅಕ್ಕಾರ, ಆ ಆಟದಾಗ ದುರಗನ್ನ ಬಿಡೋ ದಾರಿ ಐತೇನ್ರಿ? ಖರೇ ಹೇಳ್ರಿ."

ದಾನೇಶ್ವರಿ ಕಂಪ್ಯೂಟರಿನ ಕಡೆ ನೋಡಿದಳು. "ಇಲ್ಲ" ಎಂದಳು.

"ನನಗ ಗೊತ್ತಿತ್ತು. ಕಾಲೇಜಿನ್ಯಾಗ ಎಲ್ಲಾರೂ ಹುಡುಕ್ಯಾರ. ಅಪ್ಪಗ ಹೇಳಿದ್ರ ನಂಬವಲ್ಲ. ಅಕ್ಕಾರ ಐತಿ ಅಂದಾರ, ಅಕ್ಕಾರ ಸುಳ್ಳು ಹೇಳಂಗಿಲ್ಲ ಅಂತಾನ. ಚಾದಂಗಡಿ ಮುಂದ ಹಾದ್ರ ಅವನ್ನ ನೋಡಿ 'ಬಿಡ್ರಿ ದಣೀ' ಅಂತ ಕೂಗ್ತಾರ. ಅವರ ಮುಂದನೂ ಹೇಳ್ಯಾನ: ನಾ ಸಾಯಂಗಿಲ್ಲ, ದಾರಿ ಐತಿ, ತೋರಸ್ತೀನಿ ಅಂತ." ಅವಳ ದನಿ ಏರಲಿಲ್ಲ. "ನೀವ ಬಂದು ಹೇಳ್ರಿ ಅಕ್ಕಾರ. ಇಷ್ಟ ಕೇಳಾಕ ಬಂದೆ."

ಅವಳು ಹೋದ ಮೇಲೆ ಚಾಂದ್‌ಪಾಷಾ ಖಾಲಿ ಕುರ್ಚಿಯನ್ನು ಗೋಡೆಗೆ ಸರಿಸಿದ.

ಮರುದಿನ ಬೆಳಿಗ್ಗೆ ದಾನೇಶ್ವರಿ ಯಮನೂರಪ್ಪನ ಮನೆಗೆ ಹೋದಳು. ಹುಟ್ಟಿದಾಗಿನಿಂದ ಅದೇ ಊರಿನಲ್ಲಿದ್ದರೂ ಆ ಓಣಿಗೆ ಅವಳು ಹೋದದ್ದು ಅದೇ ಮೊದಲು. ಅವನ ಹೆಂಡತಿ ಯಮನೂರಮ್ಮ ರೊಟ್ಟಿ ಬಡಿಯುತ್ತಿದ್ದಳು. ಹಿಟ್ಟಿನ ಕೈಯಲ್ಲೇ ಎದ್ದು ಚಾಪೆ ಹಾಸಿದಳು.

"ಕಾಕಾ, ಆ ದಾರಿ ಇಲ್ಲ" ಎಂದಳು ದಾನೇಶ್ವರಿ ಚಾಪೆಯ ಅಂಚಿನಲ್ಲಿ ಕೂತು. "ಮಾಡಬೇಕಂತ ಇತ್ತು. ಟೈಮ್ ಸಾಲಲಿಲ್ಲ ಅಂತ ನಾನ ತೆಗದೆ. ನೀ ಆಡಿದ ಮಾತೂ ಅಳಿಸಿಬಿಟ್ಟೆ. ಮೊನ್ನಿ ಗದ್ಯಾಗ ಐತಿ ಅಂದದ್ದು ಸುಳ್ಳು. ಹೇಳಾಕ ಬಾಯಿ ಬರಲಿಲ್ಲ. ತಪ್ಪಾತು."

ಯಮನೂರಪ್ಪ ಬೀಡಿ ಹಚ್ಚಲು ಹೊರಟವನು ಹಚ್ಚದೆ ಕೈಯಲ್ಲೇ ಹಿಡಿದ.

"ಇಲ್ಲಂದ್ರ ಇಲ್ಲ ಅಂದಿದ್ರ ಮುಗೀತಿತ್ತಲ್ರಿ" ಎಂದ. "ನನಗ ತಿಳಿಯವಲ್ದು ಅಂದ್ಕೊಂಡು, ನನಗ ನಾನ ಬೈಕೊಂಡು ಕುಂತಿದ್ದೆ."

ಸಿಟ್ಟಿನ ಮಾತಾಗಿದ್ದರೆ ಅವಳು ತಡೆದುಕೊಳ್ಳುತ್ತಿದ್ದಳು.

ಒಲೆಯ ಮುಂದಿನಿಂದ ಯಮನೂರಮ್ಮ ತಿರುಗಿದಳು. "ನಾ ಒಂದು ಕೇಳ್ಲೇನ್ರಿ ಅವ್ವಾರ? ಆ ಆಟದಾಗ ರಾಜ, ಸಿಪಾಯಿ ಎಲ್ಲಾರೂ ಟಿವಿಯಾಗಿನವ್ರಂಗ ಮಾತಾಡ್ತಾರ. ಕಳ್ಳ ಒಬ್ಬನ ನಮ್ಮ ಮನಿಯವ್ರಂಗ ಮಾತಾಡ್ತಾನ. ಯಾಕ್ರಿ?"

"ಸುಮ್ಮಿರು ನೀ" ಎಂದ ಯಮನೂರಪ್ಪ.

ದಾನೇಶ್ವರಿ ಉತ್ತರ ಹುಡುಕಿದಳು. ಪಾತ್ರಕ್ಕೆ ಜೀವ ಬರಲಿ ಅಂತ, ನಮ್ಮ ಭಾಷೆ ಕೇಳಲಿ ಅಂತ. ಅವಳ ಮನೆಯಲ್ಲೂ ಇದೇ ಮಾತು ಆಡುತ್ತಿದ್ದರು. ಆದರೂ ರಾಜನಿಗೆ ಅಪ್ಪನ ದನಿ ಕೊಡಬೇಕೆಂದು ಒಮ್ಮೆಯೂ ಅವಳಿಗೆ ಹೊಳೆದಿರಲಿಲ್ಲ.

"ನಾ ಈಗ ಮಾಡ್ತೀನಿ ಕಾಕಾ" ಎಂದಳು. "ಬಿಡೋ ದಾರಿ ಹಾಕ್ತೀನಿ. ಬೇಡೋ ಮಾತು ಎಲ್ಲಾ ತೆಗೀತೀನಿ. ಒಂದು ದಿನ ಬಂದು ಆ ಬಿಟ್ಟ ಮ್ಯಾಲಿನ ಮಾತು ಮತ್ತ ಹೇಳ್ತೀಯಾ?"

ಅವನು ತಲೆಯಾಡಿಸಿದ. "ಬ್ಯಾಡ್ರಿ. ದಾರಿ ಹಾಕ್ರಿ, ಬ್ಯಾಡನ್ನಂಗಿಲ್ಲ. ನನ್ನ ದನಿ ಮಾತ್ರ ಬ್ಯಾಡ್ರಿ. ಅವತ್ತು ಖುಷೀಲೆ ಆಡಿದ್ದೆ. ಈಗ ಆ ಖುಷಿ ಎಲ್ಲಿಂದ ತರ್ಲಿ?"

ಯಮನೂರಮ್ಮ ಚಹಾ ಕೊಟ್ಟಳು. ದಾನೇಶ್ವರಿ ಕುಡಿದು, ಕಪ್ಪನ್ನು ತಾನೇ ತೊಳೆಯಲು ಎದ್ದಾಗ ಯಮನೂರಮ್ಮ ಅದನ್ನು ಕಸಿದುಕೊಂಡಳು.

ಕೆಲಸ ಇಪ್ಪತ್ತೈದು ದಿನ ಹಿಡಿಯಿತು. ಚಾಂದ್‌ಪಾಷಾ ಬೇಸರಿಸದೆ ಬರೆದ. ಗುಂಡಿ ಈಗ ಎರಡಾದವು: ಹೊಡಿ, ಬಿಡು. ಬೇರೆಯವರಿಂದ ಮಾತಾಡಿಸಲು ದಾನೇಶ್ವರಿಗೆ ಮನಸ್ಸು ಬರಲಿಲ್ಲ. ಹಾಗಾಗಿ ಹೊಸ ಆಟದಲ್ಲಿ ದುರಗ ಬೇಡುವುದೂ ಇಲ್ಲ, ಹರಸುವುದೂ ಇಲ್ಲ. ಬಿಟ್ಟರೆ ಕಂಬಳಿ ಕೊಡವಿ ಎದ್ದು, ಜಾಲಿಕಂಟಿ ದಾಟಿ ನಡೆದು ಹೋಗುತ್ತಾನೆ.

ಆಡುವವರು ತಕರಾರು ಮಾಡಿದರು. ಕಳ್ಳ ಯಾಕೆ ಮೂಕನಾದ, ಹಳೆಯದೇ ಮಜಾ ಇತ್ತು, ವಾಪಸು ತನ್ನಿ ಎಂದು ಬರೆದರು. ಬಹಳ ಮಂದಿ ಹೊಸದನ್ನು ಹಾಕಿಕೊಳ್ಳಲೇ ಇಲ್ಲ. ವಿಡಿಯೊಗಳು ತಿರುಗುತ್ತಲೇ ಇದ್ದವು. ಅವನ್ನು ಅಳಿಸುವುದು ಅವಳ ಕೈಯಲ್ಲಿರಲಿಲ್ಲ. ಒಮ್ಮೆ ಸಿಂಧನೂರು ಬಸ್‌ಸ್ಟ್ಯಾಂಡಿನಲ್ಲಿ ಬೆನ್ನ ಹಿಂದೆ ಯಾರದೋ ಮೊಬೈಲಿನಿಂದ ಆ ದನಿ ಬಂದಾಗ, ತಿರುಗಿ ನೋಡುವ ಧೈರ್ಯವಾಗದೆ ಅವಳು ತನ್ನದಲ್ಲದ ಬಸ್ಸು ಹತ್ತಿ, ಮುಂದಿನ ನಿಲ್ದಾಣದಲ್ಲಿ ಇಳಿದಳು.

ಹೊಸ ಆಟ ಬಂದ ವಾರ ಅವಳು ಗದ್ದೆಗೆ ಹೋದಳು. ಯಮನೂರಪ್ಪ ಮೊಣಕಾಲುದ್ದ ಕೆಸರಿನಲ್ಲಿ ನಿಂತು ಬದುವಿನ ಒಡಕಿಗೆ ಮಣ್ಣು ಮೆತ್ತುತ್ತಿದ್ದ.

"ಹಾಕೀನಿ ಕಾಕಾ, ನೋಡ್ತೀಯಾ?"

"ಕೈ ಎಲ್ಲಾ ರಾಡಿ ಆಗ್ಯಾವ್ರಿ. ನೀವ ಹಿಡೀರಿ."

ಅವಳು ಬದುವಿನ ಮೇಲೆ ಕೂತು, ಮೊಬೈಲನ್ನು ಅವನ ಕಣ್ಣಿನ ಮಟ್ಟಕ್ಕೆ ಹಿಡಿದಳು. 'ಬಿಡು' ಒತ್ತಿದಳು. ದುರಗ ಎದ್ದು ಹೋದ. ಯಮನೂರಪ್ಪ ಅವನು ಮರೆಯಾಗುವವರೆಗೂ ನೋಡಿ, "ಹ್ಞೂಂ, ಹ್ವಾದ ನೋಡ್ರಿ" ಎಂದ. ಇನ್ನೊಮ್ಮೆ ತೋರಿಸಿ ಎನ್ನಲಿಲ್ಲ. ಚೆನ್ನಾಗಿದೆ ಎಂದೂ ಅನ್ನಲಿಲ್ಲ.

"ಆ ಮ್ಯಾಲಿನ ಗದ್ದಿ ಮಡಿಗೆ ನೀರು ಏರವಲ್ದ್ರಿ" ಎಂದ ಆಮೇಲೆ. "ನಿಮ್ಮ ಅಪ್ಪಾರಿಗೆ ಹೇಳ್ರಿ, ತೂಬು ಸ್ವಲ್ಪ ಎತ್ತಬೇಕು."

"ಹೇಳ್ತೀನಿ ಕಾಕಾ."

ಅವನು ಸಲಿಕೆ ಹೆಗಲಿಗೇರಿಸಿ ಮೇಲಿನ ಮಡಿಯ ಕಡೆ ಹೊರಟ. ಅವಳು ಮೊಬೈಲು ಚೀಲಕ್ಕೆ ಹಾಕಿ, ಬದುವಿನಗುಂಟ ಅವನ ಹಿಂದೆಯೇ ನಡೆದಳು. ತೂಬನ್ನು ಎಷ್ಟು ಎತ್ತಬೇಕೆಂದು ಸರಿಯಾಗಿ ಕೇಳಿಕೊಳ್ಳುವುದಿತ್ತು.