ಮುತ್ತು ನೋಡುವ ಲಿಬ್ರಾದಾ

ಯಾವ ಸಂಗತಿಯನ್ನೂ ಮುಗಿಯಿತೆಂದು ಒಪ್ಪಿಕೊಳ್ಳುವುದು ದೋನ್ಯಾ ಲಿಬ್ರಾದಾಳ ಜಾಯಮಾನದಲ್ಲೇ ಇರಲಿಲ್ಲ. ಮದುವೆಯಲ್ಲಿ ಪಾದ್ರಿ ಕೊನೆಯ ಆಶೀರ್ವಾದ ಹೇಳಿ ಪುಸ್ತಕ ಮಡಚಿದ ಮೇಲೂ, ಹೆರಿಗೆಯ ಕೋಣೆಯಿಂದ ಕೂಸಿನ ಅಳು ಕೇಳಿ ಅಂಗಳದ ಗಂಡಸರು ಟೊಪ್ಪಿಗೆ ತೆಗೆದು ಶಿಲುಬೆಯ ಗುರುತು ಮಾಡಿಕೊಂಡ ಮೇಲೂ, ವರ್ಷದ ಮೆಕ್ಕೆಜೋಳ ಮನೆ ತುಂಬಿ ಅಟ್ಟದ ಬಾಗಿಲು ಹಾಕಿದ ಮೇಲೂ, ಕಂದು ಕೋಟಿನ ಜೇಬಿನಲ್ಲಿ ಕೈ ಇಳಿಬಿಟ್ಟು ನಿಂತ ಆಕೆ, ಯಾರೂ ಕೇಳದಿದ್ದರೂ, "ಇನ್ನೂ ಮುಗಿದಿಲ್ಲ" ಎನ್ನುತ್ತಿದ್ದಳು. ವಹಾಕಾದ ಗುಡ್ಡಗಳ ನಡುವೆ ಕುಳಿತಿರುವ ನಮ್ಮ ಲಾ ಬಾರಾಂಕಾದಲ್ಲಿ ಆ ಮಾತಿಗೆ ಮುಖ ಸಿಂಡರಿಸದವರಿರಲಿಲ್ಲ. ಆಕೆಯ ಮಗನ ಜ್ಞಾನಸ್ನಾನದಲ್ಲಿ ಧರ್ಮಮಾತೆಯಾಗಿ ನಿಂತಿದ್ದ ಗೆಳತಿ ಎಪಿಗ್ಮೇನಿಯಾ ಅಂತೂ ಕಂಡಕಂಡವರೆದುರು ಹೇಳಿಕೊಳ್ಳುತ್ತಿದ್ದಳು: "ನಾನು ಸತ್ರೆ ಇವಳನ್ನ ಮಾತ್ರ ಹತ್ರ ಬಿಡಬೇಡಿ. ಇನ್ನೂ ಮುಗಿದಿಲ್ಲ ಅಂತ ಪೆಟ್ಟಿಗೆ ಮುಚ್ಚಳ ತೆಗೆಸಿ ನೋಡ್ತಾಳೆ."

ಕೋಟು ಆಕೆಯದಲ್ಲ, ತೀರಿಹೋದ ಗಂಡ ತೌರೀನೋನದು. ಉಣ್ಣೆಯ ದಪ್ಪ ಕೋಟು. ಅದರ ಭುಜ ಆಕೆಯ ಭುಜವನ್ನು ದಾಟಿ ಆಚೆಗೆ ಚಾಚಿಕೊಂಡು, ತೋಳು ಬೆರಳ ತುದಿಯವರೆಗೂ ಇಳಿದು, ದೂರದಿಂದ ನೋಡಿದವರಿಗೆ ಕೋಟೇ ಎದ್ದು ನಡೆದು ಬರುತ್ತಿರುವಂತೆ ಕಾಣುತ್ತಿತ್ತು. ಭಟ್ಟಿಯ ಒಲೆಗಳೆದುರು ಗಂಡಸರು ಅಂಗಿ ಕಳಚಿ ಬೆವರೊರೆಸಿಕೊಳ್ಳುವ ಧಗೆಯಲ್ಲೂ ಆಕೆ ಅದನ್ನು ಬಿಚ್ಚಿದವಳಲ್ಲ. ಬಿಚ್ಚಿದರೆ ಶೀತವಾದೀತೆಂಬ ಭಯ, ಬಿಚ್ಚಿಟ್ಟಲ್ಲೇ ಮರೆತುಬಿಟ್ಟೇನೆಂಬ ಭಯ, ಒಳಜೇಬಿನಲ್ಲಿದ್ದ ಜೊಂಡಿನ ಕೊಳವೆ ಯಾರ ಕಾಲಡಿಗಾದರೂ ಸಿಕ್ಕಿ ಮುರಿದೀತೆಂಬ ಭಯ. ನಡಿಗೆಯೂ ಆ ಭಯಗಳದ್ದೇ. ತುಸು ದೂರ ನಡೆದು ಗಕ್ಕನೆ ನಿಲ್ಲುವಳು. ಒಲೆ ಆರಿಸಿದೆನೇ, ಕತ್ತೆಯ ಹಗ್ಗ ಬಿಗಿದೆನೇ, ಹುಳಿಬರುತ್ತಿರುವ ತೊಟ್ಟಿಗೆ ಚಾಪೆ ಮುಚ್ಚಿದೆನೇ ಎಂದು ತುಟಿಯಲ್ಲೇ ಕೇಳಿಕೊಂಡು, ಹಿಂದಿರುಗಿ ಹೋಗಿ, ಮುಟ್ಟಿ ನೋಡಿ ಬರುವಳು. ಆಕೆಯ ಜೊತೆ ಚರ್ಚಿಗೆ ಹೊರಟವರು ಅರ್ಧ ಪೂಜೆ ಕಳೆದುಕೊಂಡೇ ತೀರುತ್ತಿದ್ದರು.

ಆದರೂ ಊರಿನಲ್ಲಿ ಯಾರು ಮೆಸ್ಕಾಲ್ ಎಂಬ ಕತ್ತಾಳೆಯ ಸಾರಾಯಿ ಇಳಿಸಿದರೂ ಕೊನೆಗೆ ಆಕೆಯ ಬಾಗಿಲಿಗೇ ಬರಬೇಕಿತ್ತು. ಒಂದರ ಮೇಲೊಂದಿಟ್ಟು ಮಣ್ಣು ಮೆತ್ತಿದ ಗಡಿಗೆಗಳಲ್ಲಿ ಕತ್ತಾಳೆಯ ಹುಳಿರಸ ಕುದಿದು, ಹಬೆಯಾಗಿ, ಮೇಲಿನ ತಣ್ಣೀರಿನ ತಾಮ್ರದ ತಟ್ಟೆಗೆ ತಾಗಿ, ಹನಿಗಟ್ಟಿ ಇಳಿಯುವಾಗ ಅದು ಮೊದಲಿಂದ ಕೊನೆಯವರೆಗೆ ಒಂದೇ ತೆರನಾಗಿರುವುದಿಲ್ಲ. ಮೊದಲು ಬರುವುದು ತಲೆ, ಗಂಟಲು ಸುಡುವ ಖಾರ. ನಡುವೆ ಬರುವುದು ಎದೆ, ಮನುಷ್ಯರು ಕುಡಿಯಬೇಕಾದದ್ದು ಅದೇ. ಕೊನೆಗೆ ಬಾಲ, ನೀರುನೀರಾಗಿ ಒದ್ದೆ ಚರ್ಮದ ವಾಸನೆ ಹೊತ್ತು ಬರುವಂಥದು. ಎದೆ ಎಲ್ಲಿ ಮುಗಿದು ಬಾಲ ಎಲ್ಲಿ ಶುರುವಾಯಿತೆಂಬುದನ್ನು ತಿಳಿಸುವುದು ಮುತ್ತು. ಕೊಳವೆಯಲ್ಲಿ ಒಂದಿಷ್ಟು ಹೀರಿ, ಸೋರೆ ಬುರುಡೆಯ ಬಟ್ಟಲಿಗೆ ಎತ್ತರದಿಂದ ಬಿಟ್ಟಾಗ ಏಳುವ ಸಣ್ಣ ಗುಳ್ಳೆಗಳನ್ನು ನಮ್ಮವರು ಹಾಗೆ ಕರೆಯುತ್ತಾರೆ. ಅವು ಅಂಚಿಗೆ ಸಾಲುಗಟ್ಟಿ ನಿಂತರೆ ಇನ್ನೂ ಎದೆ. ನಿಲ್ಲದೆ ಒಡೆದರೆ ತಕ್ಷಣ ಪಾತ್ರೆ ಬದಲಿಸಬೇಕು. ಹೆದ್ದಾರಿಯ ಅಂಗಡಿಗಳಲ್ಲಿ ನೀರು ಬೆರೆಸಿದ ಸರಕಿಗೆ ಚಿಟಿಕೆ ಸಾಬೂನು ಹಾಕಿ ಮುತ್ತು ಎಬ್ಬಿಸುವ ಖದೀಮರಿದ್ದಾರೆ. ಅವರ ಸುದ್ದಿ ಬಂದರೆ ಲಿಬ್ರಾದಾ ಉಗುಳಿ ಬಾಯಿ ಒರೆಸಿಕೊಳ್ಳುತ್ತಿದ್ದಳು. ಆಕೆಯ ಬಟ್ಟಲು ಅತ್ತೆಯ ಕಾಲದ್ದು. ಮೆಸ್ಕಾಲನ್ನೂ ತಣ್ಣೀರನ್ನೂ ಬಿಟ್ಟು ಬೇರೇನನ್ನೂ ಕಾಣದೆ ಕಪ್ಪುಗಟ್ಟಿದ್ದು. ಅದರಲ್ಲಿ ನೋಡಿದ ಹನಿಯನ್ನು ಮತ್ತೆ ಪಾತ್ರೆಗೆ ಸುರಿಯುವಂತಿಲ್ಲ, ನೆಲಕ್ಕೆ ಚೆಲ್ಲಬೇಕು, ಅದು ಸತ್ತವರ ಪಾಲು. ಚೆಲ್ಲಿದ ಮೇಲೆ ಆಕೆ ಬಹಳ ಹೊತ್ತು ಯೋಚಿಸಿ "ಪರವಾಗಿಲ್ಲ" ಎಂದರೆ ಆ ಮನೆಯವರು ಕೋಳಿ ಕೊಯ್ಯುತ್ತಿದ್ದರು. "ಚೆನ್ನಾಗಿದೆ" ಎಂಬ ಮಾತನ್ನು ಆಕೆಯ ಬಾಯಿಂದ ಕೇಳಿದವರಿಲ್ಲ.

ಇಂಥ ಹೆಂಗಸಿನ ಮನೆಯ ಹಿತ್ತಿಲಲ್ಲಿ ತೌರೀನೋ ಬಿಟ್ಟುಹೋದದ್ದು ತೆಪೆಸ್ತಾತೆ ಜಾತಿಯ ಒಂದಿಷ್ಟು ಕತ್ತಾಳೆ. ಬಂಡೆಯ ಬಿರುಕಿನಲ್ಲಿ ತಾನಾಗಿ ಬೆಳೆಯುವ ಆ ಗಿಡದ ಸಸಿಗಳನ್ನು, ಮಗ ಅಬುಂದಿಯೋ ಇನ್ನೂ ಸೊಂಟದ ಮೇಲಿದ್ದಾಗ, ತೌರೀನೋ ಮೊಣಕಾಲು ತರಚಿಕೊಂಡು ಇಳಿಸಿ ತಂದು ನೆಟ್ಟಿದ್ದ. ಅದು ಬಲಿಯಲು ಮನುಷ್ಯನ ಅರ್ಧ ಆಯುಷ್ಯ ಬೇಕು. ಬಲಿತ ಮೇಲೆ ಹೂದಂಡು ಮೇಲೇಳುವ ಮೊದಲೇ ಕಡಿಯಬೇಕು. ಕಡಿದರೆ ಅಲ್ಲಿಗೆ ಅದರ ಬಾಳು ಮುಗಿಯಿತು. ನೆಟ್ಟವನು ಕಾಯುತ್ತಾ ಕಾಯುತ್ತಾ ಮಣ್ಣಿಗೆ ಹೋದ. ಮಗ ದೊಡ್ಡವನಾಗಿ, ಮದುವೆಯಾಗಿ, ಕಿವಿಯ ಬಳಿ ನರೆ ಕಾಣಿಸಿಕೊಂಡಿತು. ಲಿಬ್ರಾದಾ ಮಾತ್ರ ದಿನ ಬೆಳಗಾದರೆ ಮುಳ್ಳು ಸರಿಸಿ ಗಿಡಗಳ ನಡುಸುಳಿಯನ್ನು ಮುಟ್ಟಿ ನೋಡುತ್ತಿದ್ದಳು, ಜ್ವರದ ಮಗುವಿನ ಹಣೆ ಮುಟ್ಟಿದಂತೆ. ಆ ವರ್ಷ ಸುಳಿ ಸಣ್ಣಗಾಯಿತು, ಅದೇ ಬಲಿತ ಗುರುತು. ಕಡಿದು, ಕಾದ ಕಲ್ಲಿನ ಗುಂಡಿಯಲ್ಲಿ ಹುಗಿದು ಸುಟ್ಟು, ಜಜ್ಜಿ, ತೊಟ್ಟಿಗೆ ಹಾಕಿದರು. ಗಂಡನ ಕೈಯ ಬೆಳೆ ಇದೊಂದೇ ಸಲ, ಇನ್ನೊಂದು ಸಲ ಎಂಬುದಿಲ್ಲ. ಕೆಡಿಸಿದರೆ ಅವನನ್ನು ಎರಡನೆಯ ಸಲ ಕಳೆದುಕೊಂಡ ಹಾಗೆ ಎಂಬ ಚಿಂತೆಯಲ್ಲಿ ಆಕೆಗೆ ಊಟ ಸೇರಲಿಲ್ಲ, ಮಲಗಿದರೆ ಕಣ್ಣು ಮುಚ್ಚಲಿಲ್ಲ.

ಅಂಥ ಹೊತ್ತಿನಲ್ಲಿ ಅಬುಂದಿಯೋ ಮನೆಗೊಬ್ಬ ಅತಿಥಿಯನ್ನು ಕರೆತಂದ. ಮೋಂತೆರ್ರೇ ನಗರದ ಶಾಲೆಯೊಂದರಲ್ಲಿ ಪಾಠ ಹೇಳುವ ರೆನಾತಾ ಎಂಬ ಹೆಂಗಸು, ರಜೆಯಲ್ಲಿ ಊರೂರು ಅಲೆದು ಹಳೆಯ ಪದ್ಧತಿಯ ಮೆಸ್ಕಾಲ್‌ಗಳ ರುಚಿ ಕಲಿಯಲು ಹೊರಟವಳು, ಸಂತೆಯಲ್ಲಿ ಅವನಿಗೆ ಸಿಕ್ಕಿದ್ದಳು. ಲಿಬ್ರಾದಾ ನಮಸ್ಕಾರಕ್ಕೂ ಮೊದಲು ಅವಳ ಕುತ್ತಿಗೆಯ ಬಳಿ ಮೂಸಿದಳು.

"ಅತ್ತರು ಹಾಕ್ಕೊಂಡಿದೀಯಾ ತಾಯಿ?"

"ಸ್ವಲ್ಪ, ದೋನ್ಯಾ ಲಿಬ್ರಾದಾ. ಬೆಳಿಗ್ಗೆ."

"ಹೋಗಿ ತಣ್ಣೀರಲ್ಲಿ ತೊಳ್ಕೊಂಡು ಬಾ. ಸಾಬೂನು ಮುಟ್ಬೇಡ. ಆಮೇಲೆ ಆ ಕಂಬದ ಹತ್ರ ಕೂತ್ಕೊ, ಗಾಳಿ ಈ ಕಡೆಯಿಂದ ಆ ಕಡೆ ಹೋಗ್ತಿದೆ."

ರೆನಾತಾ ಬೇಸರಪಡದೆ ತೊಳೆದು ಬಂದು ಕಂಬದ ಬಳಿ ಕುಳಿತಳು. ಬೇಸರವಾದದ್ದು, ನಾಚಿಕೆಯಾದದ್ದು ಸೊಸೆ ಸೆನಾಯ್ದಾಳಿಗೆ. ಅವಳ ತವರು ಕೆಳಗಿನ ಕಣಿವೆಯ ನೇಕಾರರ ಊರು. ಅಲ್ಲಿ ಭಟ್ಟಿಯಿಲ್ಲ, ಅತಿಥಿಯ ಮುಂದೆ ಇಡುವ ಪಾತ್ರೆ ಫಳಫಳ ಹೊಳೆಯದಿದ್ದರೆ ಮನೆಯ ಹೆಣ್ಣಿನ ಮಾನ ಹೋಯಿತೆಂದೇ ಲೆಕ್ಕ. ಅತ್ತೆ ಗಡಿಗೆಗೆ ಮಣ್ಣು ಮೆತ್ತುತ್ತಿದ್ದಾಗ ಅವಳು ಗೂಟದಲ್ಲಿ ನೇತಾಡುತ್ತಿದ್ದ ಆ ಕಪ್ಪು ಬಟ್ಟಲನ್ನು ನೋಡಿದಳು. ಪಟ್ಟಣದ ಟೀಚರಮ್ಮ ಇದರಲ್ಲಿ ಬಾಯಿಡುವುದು ಹೇಗೆ ಎನ್ನಿಸಿತು. ಸದ್ದಿಲ್ಲದೆ ತೆಗೆದುಕೊಂಡು ಹೋಗಿ, ಬಟ್ಟೆಯ ಸಾಬೂನಿನ ಪುಡಿ ಹಾಕಿ, ತೆಂಗಿನ ನಾರಿನಿಂದ ಉಜ್ಜಿ, ಬಿಸಿಲಿಗೆ ಒಣಗಿಸಿ, ಮತ್ತೆ ಗೂಟಕ್ಕೇ ತೂಗುಹಾಕಿದಳು. ಸೋರೆ ಬುರುಡೆ ಕುಡಿದದ್ದನ್ನು ಬಿಟ್ಟುಕೊಡುವುದಿಲ್ಲವೆಂದು ಅವಳಿಗೆ ಹೇಳಿಕೊಟ್ಟವರಿರಲಿಲ್ಲ.

ಹನಿ ಇಳಿಯತೊಡಗಿತು. ತಲೆಯನ್ನು ಚಿಕ್ಕ ಗಡಿಗೆಗೆ ಬೇರೆ ತೆಗೆದಿಟ್ಟು, ಎದೆಗೆ ದೊಡ್ಡ ಕೊಡ ಇಟ್ಟರು. ಲಿಬ್ರಾದಾ ಕೋಟಿನೊಳಗಿಂದ ಕೊಳವೆ ತೆಗೆದು, ಹೀರಿ, ಬಟ್ಟಲಿಗೆ ಬಿಟ್ಟಳು. ಮುತ್ತುಗಳು ಅಂಚಿನ ಸುತ್ತ ಒತ್ತೊತ್ತಾಗಿ ಕುಳಿತವು. ಮತ್ತೊಂದು ಬಟ್ಟಲಿನಲ್ಲಿ ಅತಿಥಿಗೂ ಒಂದು ಗುಟುಕು ಸಿಕ್ಕಿತು.

"ಇದರಲ್ಲಿ ಏನೇನು ರುಚಿ ಹುಡುಕ್ಬೇಕು, ದೋನ್ಯಾ?" ರೆನಾತಾ ಕೇಳಿದಳು.

"ಹುಡುಕೋಕೆ ಅದೇನು ಕಳ್ದುಹೋಗಿದೆಯಾ ತಾಯಿ? ನಾಲಿಗೆ ಮೇಲೆ ಇಟ್ಕೊಂಡು ಸುಮ್ನೆ ಕೂತ್ಕೊ. ಅದೇ ಬಂದು ಮಾತಾಡ್ಸುತ್ತೆ."

ಹೊತ್ತು ಏರಿತು. ಎದೆ ಮುಗಿಯಬೇಕಾದ ಹೊತ್ತಾಯಿತು, ಮುತ್ತು ಮಾತ್ರ ಒಡೆಯಲಿಲ್ಲ. ಅಬುಂದಿಯೋನ ಮುಖ ಅರಳಿತು. "ಅಮ್ಮಾ, ಅಪ್ಪನ ಗಿಡ ನೋಡು, ಕೊಡ್ತಾನೇ ಇದೆ" ಎಂದು ಒಲೆಗೆ ಇನ್ನೊಂದು ಕೊರಡು ತಳ್ಳಿದ. ಲಿಬ್ರಾದಾ ಮತ್ತೊಂದು ಹನಿ ಹೀರಿದಳು. ನಾಲಿಗೆಗೆ ಹಾಕಿಕೊಂಡರೆ ಏನೋ ಬೇರೆ ಅನ್ನಿಸುತ್ತಿತ್ತು. ಆದರೆ ಅಷ್ಟು ಹೊತ್ತಿನಿಂದ ಹೀರಿ ಹೀರಿ ನಾಲಿಗೆ ದಡ್ಡುಗಟ್ಟಿತ್ತು, ಅದನ್ನು ನಂಬುವ ಧೈರ್ಯವಾಗಲಿಲ್ಲ. ಮುತ್ತು ಎಂದೂ ಮೋಸ ಮಾಡಿದ್ದಿಲ್ಲ. ಗಂಡನೇ ಮೇಲಿಂದ ಕಳಿಸುತ್ತಿದ್ದಾನೋ ಏನೋ ಎಂದುಕೊಂಡರೆ ಕಣ್ಣು ತುಂಬುತ್ತಿತ್ತು, ಮರುಗಳಿಗೆಗೆ ಅನುಮಾನ ಏಳುತ್ತಿತ್ತು. ಸಂತೋಷ ಇಷ್ಟು ಹೊತ್ತು ನಿಂತದ್ದನ್ನು ಆಕೆ ಎಲ್ಲಿಯೂ ಕಂಡಿರಲಿಲ್ಲ. ಕೋಟಿನ ತೋಳು ಮಡಚುವಳು, ಬಿಡಿಸುವಳು, ಕೊಡದ ಸುತ್ತ ಒಂದು ಸುತ್ತು ಬರುವಳು, ಮತ್ತೆ ಕೊಳವೆ ಅದ್ದುವಳು. ಮತ್ತೆ ಮುತ್ತು ಕುಳಿತೇ ಇರುವುದು.

ಕಂಬದ ಬಳಿಯಿಂದ ರೆನಾತಾ, ಒಳ್ಳೆಯ ಮಾತಾಡುವ ಉದ್ದೇಶದಿಂದಲೇ, "ಈಗಿಂದು ಮೊದಲಿನದಕ್ಕಿಂತ ಎಷ್ಟೋ ಮೆತ್ತಗಿದೆ. ನೀರು ಕುಡಿದ ಹಾಗೆ ಇಳೀತು" ಎಂದಳು.

ಲಿಬ್ರಾದಾಳ ಕೈ ನಿಂತಿತು. ಆಕೆ ಬಟ್ಟಲನ್ನು ಕೆಳಗಿಟ್ಟು, ಕೊಳವೆಯಿಂದ ನೇರವಾಗಿ ತನ್ನ ಅಂಗೈಗೆ ಬಿಟ್ಟುಕೊಂಡಳು. ಅಂಗೈಯಲ್ಲಿ ಒಂದು ಮುತ್ತೂ ನಿಲ್ಲಲಿಲ್ಲ. ಕೈ ಉಜ್ಜಿ ಮೂಸಿದಳು, ಒದ್ದೆ ಚರ್ಮ. ಬಟ್ಟಲನ್ನೆತ್ತಿ ಮೂಸಿದಳು, ಸಾಬೂನಿನ ಲಿಂಬೆಯ ಸುವಾಸನೆ. ಮೊದಲು ಮಾಡಿದ ಕೆಲಸವೆಂದರೆ ಕಾಲಿನಿಂದಲೇ ಕೊಡವನ್ನು ಪಕ್ಕಕ್ಕೆ ತಳ್ಳಿದ್ದು. ಬಾಲದ ಹನಿ ನೆಲಕ್ಕೆ ಬೀಳತೊಡಗಿತು. ಆಮೇಲೆ ತಿರುಗಿ ನೋಡಿದಳು. ಹೆಂಚಿನೆದುರು ಸೆನಾಯ್ದಾ ಕೈಯಲ್ಲಿ ಹಿಟ್ಟಿನ ಉಂಡೆ ಹಿಡಿದು ಹಾಗೇ ನಿಂತಿದ್ದಳು, ಹೆಂಚಿನ ಮೇಲಿನ ರೊಟ್ಟಿ ಹೊಗೆಯಾಡುತ್ತಿತ್ತು.

"ನಾನೇ ತೊಳೆದೆ ಅತ್ತೆ," ಎಂದಳು. "ಅವರು ಬಂದಿದಾರೆ ಅಂತ. ಕಪ್ಪಗಿತ್ತು, ನಾಚಿಕೆ ಆಯ್ತು." ಹಿಟ್ಟಿನ ಉಂಡೆ ಕೆಳಗಿಟ್ಟಳು. "ಮಾವನ ಗಿಡ. ಎಲ್ಲಾ ಮುಗೀತು, ಅಲ್ವಾ?"

ಮಾತಿನ ಏಟಿಗಾಗಿ ಎಲ್ಲರೂ ಕಾದರು. ಬೈಯುವುದರಲ್ಲಿ ಲಿಬ್ರಾದಾ ಕಡಿಮೆಯವಳೇನಲ್ಲ. ಆಕೆ ಕೊಡದ ಮೇಲೆ ಬಾಗಿ, ಮೂಸಿ, ತಲೆಯೆತ್ತಿದಾಗ ಅದೇ ಹಳೆಯ ಮಾತು ಬಂತು, ದನಿ ಮಾತ್ರ ನಾವು ಎಂದೂ ಕೇಳಿರದಷ್ಟು ಮೆತ್ತಗಿತ್ತು.

"ಇನ್ನೂ ಮುಗಿದಿಲ್ಲ, ಮಗಳೇ. ರೊಟ್ಟಿ ಸೀದುಹೋಗ್ತಿದೆ, ಇಳಿಸಿ ಬಾ."

ಬೇರೆ ತೆಗೆದಿಟ್ಟಿದ್ದ ತಲೆಯ ಚಿಕ್ಕ ಗಡಿಗೆ ಹಾಗೇ ಇತ್ತು. ಅದರ ಖಾರವನ್ನು ಸ್ವಲ್ಪಸ್ವಲ್ಪವಾಗಿ ಬೆರೆಸಿದರೆ ಬಾಲ ಸೇರಿ ನೀರಾದ ಎದೆ ಮತ್ತೆ ಗಟ್ಟಿಗೊಂಡೀತು. ಹೆಚ್ಚಾದರೆ ಗಂಟಲು ಸುಡುವ ವಿಷ, ಕಡಿಮೆಯಾದರೆ ಒದ್ದೆ ಚರ್ಮ. ಅಳೆಯಲು ಬಟ್ಟಲಿಲ್ಲ, ಅಂಗೈ ಬಾಲದ ವಾಸನೆಯಲ್ಲಿ ನೆನೆದಿದೆ, ಆಕೆಯ ನಾಲಿಗೆ ದಣಿದಿದೆ. ಅಬುಂದಿಯೋ ತಾನು ನೋಡುತ್ತೇನೆಂದು ಮುಂದೆ ಬಂದ.

"ನೀನು ಬೇಡ. ಅಪ್ಪನ ಗಿಡ ಅಂದ್ರೆ ನಿನಗೆ ಎಲ್ಲಾ ಚೆಂದ. ಈ ತಾಯಿ ಮರ್ಯಾದಸ್ತೆ, ಏನು ಕೊಟ್ರೂ ಚೆಂದ ಅಂತಾಳೆ." ಆಕೆ ಸೊಸೆಯ ಮಣಿಕಟ್ಟು ಹಿಡಿದೆಳೆದು ಕೊಡದ ಬಳಿ ಕೂರಿಸಿದಳು. "ಇವತ್ತು ಈ ಮನೇಲಿ ನನ್ನಷ್ಟು ಹೆದರಿರೋಳು ನೀನೊಬ್ಬಳೇ. ನೀನೇ ಕುಡಿದು ಹೇಳು."

ಲಿಬ್ರಾದಾ ಬೆರೆಸಿದಳು, ಸೆನಾಯ್ದಾ ತುಟಿಗಿಟ್ಟಳು. "ಆಗಿಲ್ಲ ಅತ್ತೆ." ಮತ್ತಷ್ಟು. "ಇಲ್ಲ, ಹಿಂದೆ ಏನೋ ವಾಸನೆ ಉಳ್ಕೊಂಡಿದೆ." ಮತ್ತಷ್ಟು. ಪ್ರತಿ ಸಲವೂ ಅವಳ ಕಣ್ಣು ಮುಚ್ಚುತ್ತಿತ್ತು, ಹಣೆ ಗಂಟಾಗುತ್ತಿತ್ತು, ನುಂಗಿದ ಮೇಲೂ ಹೇಳಲು ಹಿಂಜರಿಯುತ್ತಿದ್ದಳು. ಅತ್ತೆ ಆ ಹಿಂಜರಿಕೆಯನ್ನೇ ನೋಡುತ್ತಿದ್ದಳು. ಗಡಿಗೆಯಲ್ಲಿ ತಳದಷ್ಟು ಮಾತ್ರ ಉಳಿದಾಗ ಸೆನಾಯ್ದಾ ಬಹಳ ಹೊತ್ತು ಯೋಚಿಸಿ, "ಪರವಾಗಿಲ್ಲ" ಎಂದಳು. ಲಿಬ್ರಾದಾ ಕೊಳವೆಯನ್ನು ಕೋಟಿನೊಳಗಿಟ್ಟು, ನೆಲದ ಮೇಲೆ ಕುಳಿತು, ಆ ದಿನ ಮೊದಲ ಬಾರಿಗೆ ನೀರು ಕೇಳಿದಳು.

ಆ ಮೆಸ್ಕಾಲ್ ಆಗಬೇಕಾದಷ್ಟು ಆಗಲಿಲ್ಲವೆಂಬುದು ನಿಜ. ಬಲ್ಲವರು ಕುಡಿದರೆ ಅದರ ಅಡಿಯಲ್ಲೆಲ್ಲೋ ಮಳೆಗೆ ನೆನೆದ ಕುದುರೆ ಜೀನಿನ ನೆನಪೊಂದು ಹಾದುಹೋಗುತ್ತಿತ್ತು. ತೌರೀನೋ ಕುದುರೆ ಮೇಲೆ ಬಂದು ಹೋದ ಎಂದು ಎಪಿಗ್ಮೇನಿಯಾ ನಗುತ್ತಿದ್ದಳು, ಲಿಬ್ರಾದಾಳಿಗೆ ಮಾತ್ರ ನಗು ಬರುತ್ತಿರಲಿಲ್ಲ. ಸಾಬೂನು ಕುಡಿದ ಬಟ್ಟಲನ್ನು ಆಕೆ ಎಸೆಯದೆ ಅಡುಗೆಮನೆಯಲ್ಲಿ ಉಪ್ಪಿಗೆ ಇಟ್ಟಳು. ಹೊಸ ಬಟ್ಟಲನ್ನು ಸೊಸೆಯ ಕೈಗೇ ಕೊಟ್ಟಳು, ಹೇಗೆ ಕಾಪಾಡಬೇಕೆಂದು ಒಂದು ಮಾತೂ ಹೇಳಲಿಲ್ಲ.

ಮುಂದೆ ಲಿಬ್ರಾದಾಳನ್ನು ಮಣ್ಣುಮಾಡಿದ ದಿನ ಪಾದ್ರಿ ಕೊನೆಯ ಪ್ರಾರ್ಥನೆ ಹೇಳಿ ಪುಸ್ತಕ ಮಡಚಿದರು. ಹೊರಡಬೇಕಾಗಿದ್ದ ನಾವು ಯಾರೂ ಹೊರಡಲಿಲ್ಲ, ಏನನ್ನೋ ಕೇಳಿಸಿಕೊಳ್ಳಲು ನಿಂತವರಂತೆ ನಿಂತೇ ಇದ್ದೆವು. ಇಳಿಜಾರಿನಲ್ಲಿ ಹಿಂದಿರುಗುವಾಗ ಸೆನಾಯ್ದಾ ಗಕ್ಕನೆ ನಿಂತಳು, ತುಟಿ ಅಲ್ಲಾಡಿತು, ಹಿಂದಕ್ಕೆ ತಿರುಗಿ ನೋಡಿದಳು. ಎಪಿಗ್ಮೇನಿಯಾ ಅವಳ ತೋಳಿಗೆ ಒರಗಿ ಬಿಕ್ಕಿ ಅತ್ತಳು.

ಇಂಥವರು ಒಂದೊಂದು ಮನೆಗೆ ಒಬ್ಬರಂತೆ ಎಲ್ಲ ನಾಡಿನಲ್ಲೂ ಇರುತ್ತಾರೆ. ಅವರ ಜೊತೆ ನಡೆದರೆ ತಡವಾಗುತ್ತದೆ, ಕುಳಿತರೆ ಊಟ ರುಚಿಸುವುದಿಲ್ಲ, ಸಂಭ್ರಮದ ನಡುವೆ ಅವರ ಒಂದು ಮಾತು ಕಲ್ಲಿನಂತೆ ಬೀಳುತ್ತದೆ. ಪುಕ್ಕಲರೆಂದು ನಾವು ಅವರನ್ನು ನೋಡಿ ನಗುತ್ತೇವೆ, ಕುಡಿಯುವ ಬಟ್ಟಲನ್ನು ಮಾತ್ರ ಅವರ ಕೈಯಿಂದಲೇ ನಿಶ್ಚಿಂತೆಯಾಗಿ ತೆಗೆದುಕೊಳ್ಳುತ್ತೇವೆ. ಆ ನಿಶ್ಚಿಂತೆಯನ್ನು ನಮ್ಮ ಧೈರ್ಯವೆಂದೇ ಬಹುಕಾಲ ನಂಬಿರುತ್ತೇವೆ. ಅದು ಅವರು ನಮ್ಮ ಪಾಲಿನದನ್ನೂ ಸೇರಿಸಿ ಹೆದರಿದ್ದರ ಫಲವೆಂದು ತಿಳಿಯುವುದು, ಅವರು ಹೋದ ಮೇಲೆ, ತುಂಬಿದ ಬಟ್ಟಲು ಮುಂದೆ ಬಂದಾಗ ನಮ್ಮ ಕೈ ಮೊದಲ ಸಲ ಅನುಮಾನಿಸಿದಾಗ.