ಸೇತುವೆಯ ಮೇಲಿನ ಒಂದು ಸೆಕೆಂಡು

"ಅಲ್ಲೇ ನಿಲ್ಸು. ಸ್ವಲ್ಪ ಹಿಂದಕ್ಕೆ ಹೋಗು," ಎಂದಳು ಬಣ್ಣದಮ್ಮ.

ಮಗಳು ಮೂರನೇ ಸಲ ಲ್ಯಾಪ್‌ಟಾಪಿನ ಗುಂಡಿ ಒತ್ತಿದಳು. ಹಳೆಯ ಕಾರ್ಟೂನಿನ ಅಂಚೆ ಹಂಚುವ ಕತ್ತೆಮರಿ ಕೊರಳಿಗೆ ಚೀಲ ನೇತುಹಾಕಿಕೊಂಡು ಮರದ ಸೇತುವೆಯ ಮೇಲೆ ಟಕಟಕ ನಡೆದು ಆಚೆ ದಡ ಸೇರಿತು. ಚೀಲ ಈಚೆಯೂ ನೀಲಿ, ಆಚೆಯೂ ನೀಲಿ, ನಡುವೆಯೂ ನೀಲಿ.

ಬಣ್ಣದಮ್ಮ ಎಂಬುದು ಅವಳು ದುಡಿಯುವ ಪೇಂಟ್ ಅಂಗಡಿಯ ಗಿರಾಕಿಗಳು ಇಟ್ಟ ಹೆಸರು. ಗೋಡೆಯ ಒಂದು ಚಕ್ಕೆ ತಂದು ತೋರಿಸಿದರೆ ಸಾಕು, ಯಂತ್ರದ ಹಂಗಿಲ್ಲದೆ ಅದೇ ಬಣ್ಣ ಕಲಸಿಕೊಡುವ ಕೈ ಅವಳದು. ಆ ಕೈ ಪಳಗಿದ್ದು ಇದೇ ಕತ್ತೆಮರಿಯ ಮೇಲೆ. ಕಾರ್ಟೂನುಗಳು ಇನ್ನೂ ಪಾರದರ್ಶಕ ಹಾಳೆಗಳ ಮೇಲೆ ಹುಟ್ಟುತ್ತಿದ್ದ ಕಾಲದಲ್ಲಿ, ಇಪ್ಪತ್ತು ಹೆಂಗಸರು ಒಂದು ಉದ್ದನೆಯ ಕೋಣೆಯಲ್ಲಿ ಬೆನ್ನು ಬಗ್ಗಿಸಿ ಕೂತು ಹಾಳೆಯ ಹಿಂಬದಿಗೆ ಬಣ್ಣ ತುಂಬುತ್ತಿದ್ದರು. ಹನ್ನೆರಡು ಹಾಳೆ ತುಂಬಿದರೆ ಟೀವಿಯಲ್ಲಿ ಒಂದು ಸೆಕೆಂಡು. ಬೆಳಗಿನಿಂದ ದುಡಿದು ಕತ್ತೆಯನ್ನು ನಾಲ್ಕು ಹೆಜ್ಜೆ ನಡೆಸಿದೆವಲ್ಲ ಎಂದು ನಗಿಸುತ್ತಿದ್ದವಳು ಪಕ್ಕದ ಮೇಜಿನ ಉದ್ದಕ್ಕ. ಬಾಗಿಲಲ್ಲಿ ತಲೆ ಬಗ್ಗಿಸಿಯೇ ಬರಬೇಕಾಗಿದ್ದುದರಿಂದ ಆ ಹೆಸರು.

ಮೊದಲ ಕಂತು ಮುಗಿಯುವ ಹೊತ್ತಿಗೆ ಬಣ್ಣದಮ್ಮ ಏಳು ತಿಂಗಳ ಬಸುರಿ. ಗಂಡ ಆಗಲೇ ಕೈಬಿಟ್ಟು ಹೋಗಿದ್ದ. ಒಂದು ಮಧ್ಯಾಹ್ನ ಉದ್ದಕ್ಕ ಮೇಲ್ವಿಚಾರಕನ ನಡಿಗೆಯನ್ನು ಅಣಕಿಸಿದಳು. ಬಿದ್ದು ಬಿದ್ದು ನಗುವ ಭರದಲ್ಲಿ ಬಣ್ಣದಮ್ಮ ನೀಲಿ ಡಬ್ಬಿಗೆ ಹಸಿರಿನ ಮುಚ್ಚಳ, ಹಸಿರಿಗೆ ನೀಲಿಯ ಮುಚ್ಚಳ ಹಾಕಿಬಿಟ್ಟಳು. ಹಸಿಯಾಗಿದ್ದಾಗ ಆ ಎರಡೂ ಬಣ್ಣ ಒಂದೇ ಕಪ್ಪು; ಗುಟ್ಟು ರಟ್ಟಾಗುವುದು ಒಣಗಿದ ಮೇಲೆಯೇ. ಅಷ್ಟರಲ್ಲಿ ಸೇತುವೆಯ ಮೇಲಿನ ಚೀಲಕ್ಕೆ ನೀಲಿಯ ಬದಲು ಹಸಿರು ತುಂಬಿದ್ದ ಹನ್ನೆರಡು ಹಾಳೆಗಳು ಅವಸರದಲ್ಲಿ ಯಾರ ಕಣ್ಣಿಗೂ ಬೀಳದೆ ಕ್ಯಾಮೆರಾದಡಿ ಹೋಗಿ ಬಂದಿದ್ದವು. ಕಂತು ಹಾಗೇ ಪ್ರಸಾರವಾಯಿತು. ಇದು ಯಾರ ಕೈ ಎಂದು ಮರುದಿನ ಮೇಲ್ವಿಚಾರಕ ಗುಡುಗಿದಾಗ ಬಣ್ಣದಮ್ಮ ಕುಂಚದ ತುದಿಯನ್ನೇ ನೋಡುತ್ತಾ ಕೂತಳು. ಉದ್ದಕ್ಕ ಎದ್ದು ನಿಂತು ನಂದೇ ಸರ್ ಎಂದಳು. ಅವತ್ತೇ ಅವಳ ಕೆಲಸ ಹೋಯಿತು.

ಸಂಜೆ ನಲ್ಲಿಯಲ್ಲಿ ಕೈ ತೊಳೆಯುತ್ತಾ ಅವಳು ಹೇಳಿದ್ದು ಇಷ್ಟೇ: "ನನಗೆ ಎಲ್ಲಾದ್ರೂ ಕೆಲಸ ಸಿಗುತ್ತೆ. ಈ ಹೊಟ್ಟೆ ಹೊತ್ಕೊಂಡು ಹೋದ್ರೆ ನಿನಗೆ ಯಾರು ಕೊಡ್ತಾರೆ?"

ಕೂಸಿಗೆ ಮೂರು ತಿಂಗಳಾದಾಗ ಎತ್ತಿಕೊಂಡು ಉದ್ದಕ್ಕನ ಬಾಡಿಗೆ ಕೋಣೆಗೆ ಹೋದರೆ ಅಲ್ಲಿ ಬೇರೆ ಯಾರೋ ಇದ್ದರು. ಎಲ್ಲಿಗೆ ಹೋದಳೆಂದು ಅವರಿಗೆ ಗೊತ್ತಿರಲಿಲ್ಲ. ಅವಳ ಒಂದು ಫೋಟೋ ಕೂಡ ಬಣ್ಣದಮ್ಮನ ಬಳಿ ಇರಲಿಲ್ಲ. ಇದ್ದದ್ದು ಆ ಹಸಿರು ಸೆಕೆಂಡು ಮಾತ್ರ. ಟೀವಿಯವರು ಮರುಪ್ರಸಾರ ಮಾಡಿದಾಗಲೆಲ್ಲ ಒಲೆ ಆರಿಸಿ ಬಂದು ಕೂರುತ್ತಿದ್ದಳು. ಆಮೇಲೆ ಅವರೂ ನಿಲ್ಲಿಸಿದರು. ಕತ್ತೆಮರಿ ಅಂತರ್ಜಾಲಕ್ಕೆ ಬಂದಿದೆ ಎಂದು ಹೋದ ವಾರ ಗಿರಾಕಿಯೊಬ್ಬ ಹೇಳಿದ ಮೇಲೆ, ರಜೆಯ ದಿನ ಯಾವಾಗ ಬಂದೀತೆಂದು ಬೆರಳು ಮಡಿಸುತ್ತಿದ್ದಳು.

ಮಗಳಿಗೆ ಈ ಕಥೆಯನ್ನೆಲ್ಲ ಹೇಳಿದ್ದು ಇವತ್ತೇ, ವಿಡಿಯೋ ಹಚ್ಚುವ ಮುಂಚೆ. ಹೇಳಲು ಮೂವತ್ತನಾಲ್ಕು ವರ್ಷ ಬೇಕಾಯಿತು.

"ಹೊಸದಾಗಿ ಬಣ್ಣ ಸರಿಮಾಡಿ ಹಾಕಿದ್ದಾರಂತೆ ಅಮ್ಮ, ಕೆಳಗೆ ಬರೆದಿದೆ," ಎಂದಳು ಮಗಳು ಮೆಲ್ಲಗೆ. "ನಿನ್ನ ತಪ್ಪೂ ಹೋಯ್ತಲ್ಲ, ಬಿಡು."

"ಅವಳೂ ಹೋದ್ಲು ಕಣೇ," ಎಂದಳು ಬಣ್ಣದಮ್ಮ. ಯಾವನೋ ಕಂಪ್ಯೂಟರಿನ ಮುಂದೆ ಕೂತು ಕ್ಷಣದಲ್ಲಿ ಒರೆಸಿ ಹಾಕಿದ್ದನಲ್ಲ, ಅವನ ಮೇಲೆ ಕೆಟ್ಟ ಕೋಪ ಬಂತು.

ಅಮ್ಮನ ಮನಸ್ಸು ಬೇರೆ ಕಡೆ ಹೊರಳಲೆಂದು ಮಗಳು ನೋಡುಗರ ಕಾಮೆಂಟುಗಳನ್ನು ಓದತೊಡಗಿದಳು. ನನ್ನ ಬಾಲ್ಯ ವಾಪಸು ಬಂತು ಎಂದು ಒಬ್ಬರು, ನನಗೂ ಎಂದು ನೂರು ಜನ. ಹಾಗೇ ಕೆಳಗಿಳಿಯುತ್ತಾ ಹೋಗಿ ಒಂದು ಕಡೆ ಅವಳ ದನಿ ನಿಧಾನವಾಯಿತು. ಹನ್ನೊಂದು ತಿಂಗಳ ಹಿಂದೆ ಯಾರೋ ಬರೆದದ್ದು; ಹೆಸರಿರಬೇಕಾದ ಜಾಗದಲ್ಲಿ ಬರೀ ಅಂಕಿಗಳು.

"ಸೇತುವೆ ಮೇಲೆ ಚೀಲ ಹಸಿರಾಗ್ತಿತ್ತು. ಆ ಹನ್ನೆರಡು ಹಾಳೆ ಏನ್ಮಾಡಿದ್ರಿ? ಹಾಗೇ ಬಿಡಬೇಕಿತ್ತು."

ಯಾರೂ ಉತ್ತರ ಕೊಟ್ಟಿರಲಿಲ್ಲ. ಬಣ್ಣದಮ್ಮ ಕನ್ನಡಕ ತೆಗೆದು ಸೆರಗಿನಲ್ಲಿ ಒರೆಸಿ, ಮತ್ತೆ ಹಾಕಿಕೊಂಡು, ತುಟಿಯಲ್ಲೇ ಓದಿದಳು. ನೋಡುವವರು ಸೆಕೆಂಡು ಎಣಿಸುತ್ತಾರೆ. ಹಾಳೆ ಎಣಿಸುವವರು ಆ ಕೋಣೆಯವರು ಮಾತ್ರ. ಆ ಕೋಣೆಯಲ್ಲೂ ಅದನ್ನು ಹಾಗೇ ಬಿಡಬೇಕಿತ್ತು ಎನ್ನುವ ಜೀವ ಒಂದೇ ಒಂದು.

"ಇವರಿಗೆ ಉತ್ತರ ಬರೀಬಹುದಾ?"

"ಬರೀಬಹುದು. ಏನಂತ ಬರೀಲಿ?"

ಕೆಳಗೆ ಬೀದಿಯಲ್ಲಿ ಯಾರೋ ಸೈಕಲ್ಲಿಗೆ ಗಾಳಿ ಹಾಕುತ್ತಿದ್ದರು.

"ಉದ್ದಕ್ಕ, ಹೆಣ್ಣು ಮಗು ಆಯ್ತು ಅಂತ ಬರಿ," ಎಂದಳು ಬಣ್ಣದಮ್ಮ.

ಮಗಳ ಬೆರಳುಗಳು ಕೀಲಿಗಳ ಮೇಲೆ ನಿಂತವು. ಆಮೇಲೆ ಒಂದೊಂದೇ ಅಕ್ಷರ ಒತ್ತುತ್ತಾ ಅವಳು ತನ್ನ ಸುದ್ದಿಯನ್ನು ಬರೆಯತೊಡಗಿದಳು.