ಕೆಂಪು ದಾರ ಮುಟ್ಟುವವರೆಗೆ

ನನ್ನ ಗಂಡ ಪ್ಲಂಬರ್. ಈ ಬೀದಿಯಲ್ಲಿ ಯಾರ ಮನೆಯ ನಲ್ಲಿ ಸೋರಿದರೂ ಅರ್ಧ ಗಂಟೆಯಲ್ಲಿ ಹಾಜರ್. ನಮ್ಮ ಮನೆಯ ವಾಷಿಂಗ್ ಮೆಷಿನ್ ಮಾತ್ರ ಐದು ತಿಂಗಳಿನಿಂದ ಬಚ್ಚಲ ಮೂಲೆಯಲ್ಲಿ ನೀರಿಲ್ಲದೆ ನಿಂತಿತ್ತು. ಅತ್ತೆ ಅದಕ್ಕೆ ಹಳೆಯ ಮೇಜುಬಟ್ಟೆ ಹೊದಿಸಿ, ಸೋಪು ಬಾಚಣಿಗೆ ಇಡುವ ಜಾಗ ಮಾಡಿಕೊಂಡಿದ್ದರು. ಊರಿಗೆ ಉಪಕಾರಿ, ಮನೆಗೆ ಮಾರಿ ಎಂಬ ಗಾದೆ ಕಟ್ಟಿದವರು ನಮ್ಮ ಬಚ್ಚಲನ್ನು ನೋಡಿಯೇ ಕಟ್ಟಿರಬೇಕು.

ಬೇಸಿನ್ನಿಗೆ ಹೋಗುವ ಪೈಪಿನಿಂದ ಮೆಷಿನ್ನಿಗೊಂದು ಕವಲು ತೆಗೆಯಬೇಕಿತ್ತು, ಅಷ್ಟೇ. ಕೇಳಿದಾಗಲೆಲ್ಲ "ಈ ಭಾನುವಾರ ಮಾಡ್ತೀನಿ" ಎನ್ನುತ್ತಿದ್ದ. ನಾಳೆ ಎಂದವನ ಮನೆ ಹಾಳಂತೆ. ಭಾನುವಾರ ಎಂದವನ ಮನೆಯಲ್ಲಿ ಹಾಳಾಗುತ್ತಿದ್ದದ್ದು ನನ್ನ ಕೈ.

ನಾನು ದರ್ಜಿ. ಬೆಳಗ್ಗೆ ಐದು ಜನರ ಬಟ್ಟೆ ಒಗೆದು, ಅದರಲ್ಲೂ ತುಕ್ಕು, ಕೆಸರು ಮೆತ್ತಿದ ಇವನ ಪ್ಯಾಂಟುಗಳನ್ನು ಉಜ್ಜಿ, ಆಮೇಲೆ ಹೊಲಿಗೆಗೆ ಕೂರುತ್ತೇನೆ. ಸೋಪಿನ ನೀರಿಗೆ ಬೆರಳ ತುದಿಗಳೆಲ್ಲ ಬಿರುಕು ಬಿಟ್ಟಿದ್ದವು. ಹತ್ತಿ ಬಟ್ಟೆ ಅದನ್ನೆಲ್ಲ ಸಹಿಸುತ್ತದೆ. ಸ್ಯಾಟಿನ್ ಸಹಿಸುವುದಿಲ್ಲ. ಒರಟು ಬೆರಳು ತಾಗಿದರೆ ಸಾಕು, ಎಳೆ ಏಳುತ್ತದೆ.

ನನಗೆ ಕೆಲಸ ಕೊಡುವ ಬಟ್ಟೆ ಅಂಗಡಿಯ ಒಡತಿ ಕಳೆದ ವಾರ ಒಂದು ಬಿಳಿ ಗೌನು ವಾಪಸ್ ತಂದು ಮೇಜಿನ ಮೇಲೆ ಹರಡಿದಳು. "ಇಲ್ಲಿ ನೋಡಿ, ಎಳೆ ಎದ್ದಿದೆ. ಇಲ್ಲಿ ರಕ್ತದ ಚುಕ್ಕೆ. ಇನ್ನೂ ಎಂಟು ಗೌನು ಇದೆ. ಇನ್ನೊಂದ್ಸಲ ಹೀಗಾದ್ರೆ ನಾನು ಬೇರೆಯವರನ್ನ ನೋಡ್ಕೋಬೇಕಾಗುತ್ತೆ."

ಅವಳ ಮಾತಿನಲ್ಲಿ ತಪ್ಪಿರಲಿಲ್ಲ. ಅದಕ್ಕೇ ನನಗೆ ಹೆಚ್ಚು ಸಿಟ್ಟು ಬಂತು. ಗಂಡನ ಮುಂದೆ ಕೈ ಚಾಚಿ ತೋರಿಸಿದೆ. "ಎಣ್ಣೆ ಹಚ್ಚು, ಸರಿಹೋಗುತ್ತೆ" ಎಂದ. ಆ ಎಣ್ಣೆ ಬಿದ್ದದ್ದು ಕೈಗಲ್ಲ, ಬೆಂಕಿಗೆ.

"ಒತ್ತಿ ಸಿಕ್ಕಿಸೋ ವಾಲ್ವ್ ಅಂತ ಬಂದಿದೆಯಂತೆ. ನಾನೇ ಹಾಕ್ಕೊಳ್ಲಾ?" ಎಂದು ಕೇಳಿದೆ.

"ಅದು ಮಕ್ಕಳಾಟ. ಪ್ಲಂಬರ್ ಮನೇಲಿ ಅಂಥದ್ದು ಹಾಕಿದ್ರೆ ನಾಲ್ಕು ಜನ ನಗ್ತಾರೆ."

ಆ ನಾಲ್ಕು ಜನ ಒಂದು ದಿನವೂ ನಮ್ಮ ಮನೆಗೆ ಬಂದು ಒಂದು ಕರವಸ್ತ್ರ ಒಗೆದುಕೊಟ್ಟವರಲ್ಲ.

ಮರುದಿನ ಅವನು ಕೆಲಸಕ್ಕೆ ಹೋದ ಕೂಡಲೇ ಹಾರ್ಡ್‌ವೇರ್ ಅಂಗಡಿಗೆ ಹೋದೆ. "ಯಜಮಾನರನ್ನೇ ಕಳಿಸಬಹುದಿತ್ತಲ್ಲಮ್ಮ?" ಎಂದ ಅಂಗಡಿಯವನು.

"ಯಜಮಾನಿಯೇ ಬಂದಿದೀನಲ್ಲ."

ಅವನು ನಕ್ಕು ವಾಲ್ವ್ ತೆಗೆದುಕೊಟ್ಟ. ಅಂಗೈಯಷ್ಟು ಉದ್ದದ ಹಿತ್ತಾಳೆಯ ವಸ್ತು, ಎರಡು ಬದಿಗೆ ಎರಡು ಬಾಯಿ, ನಡುವೆ ಮೆಷಿನ್ನಿನ ಕೊಳವೆಗೊಂದು ತಿರುಪಿನ ಮೂತಿ. "ಪೈಪ್ ಇಷ್ಟು ಕತ್ತರಿಸಿ ತೆಗೀರಿ, ಎರಡೂ ತುದಿ ಒಳಗೆ ಒತ್ತಿ. ಬೆಸುಗೆ ಬೇಡ, ಅಂಟು ಬೇಡ. ಆದ್ರೆ ಒಂದಂಗುಲ ಪೂರ್ತಿ ಒಳಗೆ ಹೋಗ್ಬೇಕು. ಮೊದಲೇ ಗುರುತು ಹಾಕ್ಕೊಳ್ಳಿ."

ಅಳತೆ, ಗುರುತು, ಕತ್ತರಿ. ಇದೇನು ಹೊಸ ವಿದ್ಯೆಯೇ ನನಗೆ? ಮನೆಗೆ ಬಂದು, ಇಡೀ ಮನೆಗೆ ನೀರು ಬಿಡುವ ದೊಡ್ಡ ವಾಲ್ವ್ ಮುಚ್ಚಿ, ಬೇಸಿನ್ನಿನ ನಲ್ಲಿ ತೆರೆದು ಪೈಪು ಬರಿದು ಮಾಡಿದೆ. ಅಳತೆಯ ಟೇಪು ಹಿಡಿದು, ಹೊಲಿಗೆಯ ಚಾಕ್‌ಪೀಸಿನಿಂದ ಗುರುತು ಹಾಕಿ, ಅವನ ಹಳೆಯ ಪೆಟ್ಟಿಗೆಯಲ್ಲಿದ್ದ ಕಟ್ಟರಿನಿಂದ ಪೈಪು ಕತ್ತರಿಸಿದೆ. ತುದಿಗಳನ್ನು ಉಜ್ಜಿ ನಯ ಮಾಡಿದೆ. ಒಳಗೆ ಉಳಿದಿದ್ದ ನೀರು ತೊಟ್ಟಿಕ್ಕಿ ನನ್ನ ಗುರುತುಗಳ ಮೇಲೆ ಹರಿಯಿತು. ಗಮನಿಸಲಿಲ್ಲ. ವಾಲ್ವನ್ನು ಒತ್ತಿದೆ. ಒಂದು ಹಂತಕ್ಕೆ ಬಂದು ಬಿಗಿಯಾಗಿ ನಿಂತಿತು. ಸರಿ, ಆಯಿತು ಎಂದುಕೊಂಡು ದೊಡ್ಡ ವಾಲ್ವ್ ತೆರೆದೆ.

ಹಿತ್ತಾಳೆ ಟಪ್ಪನೆ ಬಾಯಿಬಿಟ್ಟಿತು. ನೀರು ಸೂರಿಗೆ ಹಾರಿತು. ಅತ್ತೆಯ ಬಾಚಣಿಗೆ ತೇಲಿಕೊಂಡು ಬಾಗಿಲವರೆಗೆ ಬಂತು.

"ಮುಚ್ಚೇ, ಮುಚ್ಚು!" ಎಂದು ಅತ್ತೆ ಕೂಗಿದರು. ಮುಚ್ಚಿದೆ. ಒದ್ದೆ ನೆಲದಲ್ಲಿ ಕೂತು ನಾನು ಅತ್ತುಬಿಟ್ಟೆ. ದುಃಖಕ್ಕಲ್ಲ, ಸಿಟ್ಟಿಗೆ. ಇವನು ಸಂಜೆ ಬಂದು ನಗುತ್ತಾನಲ್ಲ ಎಂಬ ಸಿಟ್ಟು.

ಅತ್ತೆ ಪೈಪಿನ ತುದಿಯನ್ನು ಕನ್ನಡಕದೊಳಗಿಂದ ನೋಡಿದರು. "ಗುರುತು ಎಲ್ಲಿದೆ?"

"ಚಾಕ್‌ಪೀಸಲ್ಲಿ ಹಾಕಿದ್ದೆ."

"ಇಪ್ಪತ್ತು ವರ್ಷದಿಂದ ಹೊಲೀತಿದೀಯ. ನೀರು ತಾಗಿದ್ರೆ ಚಾಕ್‌ಪೀಸ್ ಗುರುತು ಉಳಿಯುತ್ತೇನೇ?"

ಉಳಿಯುವುದಿಲ್ಲ. ಒಂದು ಒಗೆತಕ್ಕೆ ಅಳಿಸಿಹೋಗಲೆಂದೇ ಆ ಗುರುತು ಹಾಕುವುದು. ಪೈಪು ಅರ್ಧ ಅಂಗುಲಕ್ಕೇ ನಿಂತಿತ್ತು, ನಾನು ಪೂರ್ತಿ ಎಂದುಕೊಂಡಿದ್ದೆ. ಕಣ್ಣೊರೆಸಿಕೊಂಡು ಎದ್ದೆ. ಹೊಲಿಗೆಯ ಕೋಣೆಯಿಂದ ದಪ್ಪ ಕೆಂಪು ದಾರದ ಉಂಡೆ ತಂದು, ಎರಡೂ ತುದಿಗಳಿಂದ ಸರಿಯಾಗಿ ಒಂದಂಗುಲ ಬಿಟ್ಟು ನಾಲ್ಕು ಸುತ್ತು ಸುತ್ತಿ ಗಂಟು ಹಾಕಿದೆ. ಈಗ ಗುರುತು ಎಲ್ಲಿಗೆ ಹೋಗುತ್ತದೆ ನೋಡೋಣ. ಮತ್ತೆ ಒತ್ತಿದೆ. ಅರ್ಧಕ್ಕೆ ಬಿಗಿಯಾಯಿತು. ಬಿಡಲಿಲ್ಲ. ಗೋಡೆಗೆ ಕಾಲು ಕೊಟ್ಟು, ಹಲ್ಲು ಕಚ್ಚಿ, ಹಿತ್ತಾಳೆಯ ಬಾಯಿ ಕೆಂಪು ದಾರ ಮುಟ್ಟುವವರೆಗೆ ಒತ್ತಿದೆ. ಇನ್ನೊಂದು ತುದಿಯನ್ನೂ ಹಾಗೆಯೇ. ಮೆಷಿನ್ನಿನ ಕೊಳವೆಯನ್ನು ಮೂತಿಗೆ ತಿರುಪಿ, ಮತ್ತೆ ದೊಡ್ಡ ವಾಲ್ವ್ ತೆರೆದೆ.

ಅತ್ತೆ ವಾಲ್ವಿನ ಕೆಳಗೆ ಒಣ ಪತ್ರಿಕೆ ಹಾಸಿ, ಎದುರಿಗೆ ಸ್ಟೂಲು ಹಾಕಿಕೊಂಡು ಒಂದು ಗಂಟೆ ಕಾವಲು ಕೂತರು. "ಒಂದು ಹನಿ ಇಲ್ಲ" ಎಂದು ಕೊನೆಗೆ ಎದ್ದರು. "ಆಳು ಮಾಡಿದ್ದು ಹಾಳು, ಮಗ ಮಾಡಿದ್ದು ಮಧ್ಯಮ, ತಾನು ಮಾಡಿದ್ದು ಉತ್ತಮ ಅಂತಾರೆ. ನನ್ನ ಮಗ ಮಧ್ಯಮವನ್ನೂ ಮಾಡ್ಲಿಲ್ಲ." ಮೇಜುಬಟ್ಟೆ ಎಳೆದು, ಮೆಷಿನ್ನಿಗೆ ಮೊದಲು ಅದನ್ನೇ ತುರುಕಿದರು.

ಸಂಜೆ ಗಂಡ ಬಂದಾಗ ಮೆಷಿನ್ ಗುಡುಗುತ್ತಿತ್ತು. ಬಚ್ಚಲ ಬಾಗಿಲಲ್ಲೇ ನಿಂತ. ಬಗ್ಗಿ ವಾಲ್ವ್ ಹಿಡಿದು ಎಳೆದ. ಬರಲಿಲ್ಲ. ಎರಡೂ ಕೈ ಹಾಕಿ ಎಳೆದ. ಮುಖ ಕೆಂಪಾಯಿತೇ ಹೊರತು ವಾಲ್ವ್ ಅಲುಗಲಿಲ್ಲ.

"ಬಿಚ್ಚು ಇದನ್ನ. ಭಾನುವಾರ ನಾನೇ ಸರಿಯಾಗಿ ಹಾಕ್ತೀನಿ."

"ನೀನೇ ಬಿಚ್ಚು. ಆದ್ರೆ ಬಿಚ್ಚಿದ ಕೈಯೇ ಬಟ್ಟೆ ಒಗೀಬೇಕು. ನಿನ್ನ ಭಾನುವಾರ ಬರೋವರೆಗೂ, ದಿನಾ." ಬಕೆಟ್ಟನ್ನು ಅವನ ಕಾಲ ಬುಡಕ್ಕೆ ತಳ್ಳಿ, ಬಾರ್ ಸೋಪು ಇಟ್ಟು, ಅವನದೇ ಕೆಸರು ಪ್ಯಾಂಟುಗಳನ್ನು ಅದರೊಳಗೆ ಹಾಕಿದೆ.

ಅವನೂ ಹಟಮಾರಿಯೇ. ಅಂಗಿಯ ತೋಳು ಮಡಿಸಿ ಒಗೆಯಲು ಕೂತುಬಿಟ್ಟ. ಒಂದು ಪ್ಯಾಂಟು ಉಜ್ಜಿದ. ಎರಡನೆಯದರ ಒಂದು ಕಾಲು ಉಜ್ಜಿದ. ಅಲ್ಲಿಗೆ ನಿಲ್ಲಿಸಿ, ಕೆಂಪಗಾದ ತನ್ನ ಬೆರಳುಗಳನ್ನು ನೋಡಿಕೊಂಡ. ಆಮೇಲೆ, ಮೊದಲ ಸಲ, ನನ್ನ ಬೆರಳುಗಳನ್ನು ನೋಡಿದ. ಒದ್ದೆ ಪ್ಯಾಂಟು ಎರಡನ್ನೂ ಹಿಂಡಿ ಮೆಷಿನ್ನಿನ ಪಕ್ಕ ಇಟ್ಟು ಎದ್ದುಹೋದ.

ಎರಡು ವಾರ ಕಳೆಯಿತು. ಕೊನೆಯ ಗೌನಿನ ಸ್ಯಾಟಿನ್ನಿನ ಮೇಲೆ ಹೆಬ್ಬೆರಳು ಎಳೆದು ನೋಡಿದೆ. ಎಲ್ಲಿಯೂ ಎಳೆ ಏಳಲಿಲ್ಲ. ಅಂಚು ಗುರುತಿಸಲು ಕೆಂಪು ದಾರಕ್ಕೆ ಕೈ ಹಾಕಿದರೆ ಉಂಡೆ ಇಲ್ಲ. ಹುಡುಕಿ ಹುಡುಕಿ ಸಾಕಾಗಿ ಗಂಡನ ಸಾಮಾನಿನ ಚೀಲ ತೆರೆದೆ. ಪಾನಾಗಳ ನಡುವೆ ಅರ್ಧ ಸವೆದ ನನ್ನ ಉಂಡೆ. ಪಕ್ಕದಲ್ಲಿ, ಅದೇ ಅಂಗಡಿಯ ಪೊಟ್ಟಣದಲ್ಲಿ, ಒತ್ತಿ ಸಿಕ್ಕಿಸುವ ಆರು ವಾಲ್ವುಗಳು.

ಬಾಗಿಲಲ್ಲಿ ನಿಂತು ಅವನು ಕೆಮ್ಮಿದ. "ಗಿರಾಕಿಗಳು ಕೇಳ್ತಾರೆ" ಎಂದ.

"ಕೇಳಲಿ, ಹಾಕು. ಯಾರೂ ನಗಲ್ಲ" ಎಂದು ಉಂಡೆ ಕಿತ್ತುಕೊಂಡೆ. "ದಾರ ಮಾತ್ರ ನಿಂದು ನೀನು ತಂದುಕೋ. ಇದು ನನ್ನ ಕಸುಬಿನದು."